ತಾವಾಗಿಯೇ ತೆರೆಗೆ ಬಂದವರು

ನಟರಲ್ಲದವರು, ಬರೆದುಕೊಟ್ಟ ಮಾತಿನ ನೆರವಿಲ್ಲದೆ, ತಮ್ಮದೇ ಹೆಸರಿನಲ್ಲಿ ತಮ್ಮದೇ ಬದುಕನ್ನು ಕ್ಯಾಮೆರಾದ ಎದುರು ಬಾಳಿ ತೋರಿಸುವ ಕಾರ್ಯಕ್ರಮಗಳಿಗೆ ರಿಯಾಲಿಟಿ ಶೋ ಎಂಬ ಹೆಸರು ಈಗ ಎಲ್ಲೆಡೆ ಬಳಕೆಯಲ್ಲಿದೆ. ಬ್ರಿಟನ್ನಿನಲ್ಲಿ ಈ ಪ್ರಕಾರವು 2000ದ ಬೇಸಿಗೆಯಲ್ಲಿ ಬಿಗ್ ಬ್ರದರ್ ಎಂಬ ಕಾರ್ಯಕ್ರಮದ ಮೂಲಕ ಏಕಾಏಕಿ ಹುಟ್ಟಿಕೊಂಡಿತೆಂದು ಹಲವರು ಭಾವಿಸಿದ್ದರೂ, ಅದರ ಹಿಂದೆ ಮೂರೂವರೆ ದಶಕಗಳಷ್ಟು ಟೆಲಿವಿಷನ್ ಇತಿಹಾಸವೂ ಅದಕ್ಕೂ ಹಿಂದೆ ಸಾಕ್ಷ್ಯಚಿತ್ರಗಳ ಒಂದು ಪರಂಪರೆಯೂ ಇದೆ. ಆ ಇತಿಹಾಸವನ್ನು ಕುರಿತ ಚರ್ಚೆ ಬಹುಮಟ್ಟಿಗೆ 'ತೆರೆಯ ಮೇಲಿನ ಈ ಜನ ನಿಜವಾಗಿಯೂ ಹಾಗೇ ಇದ್ದರೋ, ಅಥವಾ ನಟಿಸುತ್ತಿದ್ದರೋ' ಎಂಬ ಒಂದೇ ಪ್ರಶ್ನೆಯ ಸುತ್ತ ತಿರುಗುತ್ತ ಬಂದಿದೆ. ನಾಲ್ಕು ಜನರೆದುರು ಯಾರೂ ಒಂಟಿಯಾಗಿದ್ದಾಗಿನಂತೆ ಇರುವುದಿಲ್ಲವಾದ್ದರಿಂದ ಈ ಪ್ರಶ್ನೆಯಿಂದ ಹೆಚ್ಚೇನೂ ಹುಟ್ಟುವುದಿಲ್ಲ. ಚಿತ್ರೀಕರಿಸಿದ ಬದುಕಿನ ಯಾವ ತುಣುಕು ಉಳಿಯಬೇಕು, ಯಾವುದು ಕತ್ತರಿಗೆ ಹೋಗಬೇಕು ಎಂದು ತೀರ್ಮಾನಿಸುವ ಹಕ್ಕು ಯಾರ ಕೈಯಲ್ಲಿತ್ತು ಎಂದು ಕೇಳಿದರೆ ಮಾತ್ರ ಈ ಕಾರ್ಯಕ್ರಮಗಳ ಒಳಗಿನ ವ್ಯತ್ಯಾಸಗಳು ಕಾಣತೊಡಗುತ್ತವೆ.

ಬಡವರು ಕ್ಯಾಮೆರಾದತ್ತ ನೇರವಾಗಿ ನೋಡಿ ತಮ್ಮ ಮಾತನ್ನು ತಾವೇ ಆಡಿದ ಮೊದಲ ಮುಖ್ಯ ಬ್ರಿಟಿಷ್ ಚಿತ್ರಗಳಲ್ಲಿ, ಆರ್ಥರ್ ಎಲ್ಟನ್ ಮತ್ತು ಎಡ್ಗರ್ ಆನ್ಸ್ಟಿ ನಿರ್ದೇಶಿಸಿದ 1935ರ 'ಹೌಸಿಂಗ್ ಪ್ರಾಬ್ಲಮ್ಸ್' ಒಂದು. ಪೂರ್ವ ಲಂಡನ್ನಿನ ಸ್ಟೆಪ್ನಿಯ ಕೊಳೆಗೇರಿಗಳಿಗೆ ಆ ಕಾಲದ ಭಾರವಾದ ಧ್ವನಿಮುದ್ರಣ ಸಲಕರಣೆಗಳನ್ನು ಹೊತ್ತೊಯ್ದು, ಗೋಡೆಯ ತೇವ, ಇಲಿ, ತಿಗಣೆಗಳ ಕಾಟವನ್ನು ಅಲ್ಲಿ ವಾಸಿಸುವವರ ಬಾಯಿಂದಲೇ ಹೇಳಿಸಿದ ಈ ಚಿತ್ರದಲ್ಲಿ, ನಿವಾಸಿಗಳ ವಿಶ್ವಾಸ ಗಳಿಸಿ ಅವರು ಅಳುಕಿಲ್ಲದೆ ಮಾತನಾಡುವಂತೆ ಮಾಡಿದವರು ಸಹಾಯಕಿಯಾಗಿದ್ದ ರೂಬಿ ಗ್ರಿಯರ್‌ಸನ್. ಮಾತನಾಡುವವರು ಬಿಗಿಯಾಗಿ, ಕೈ ಎಲ್ಲಿಡಬೇಕೆಂದು ತಿಳಿಯದೆ ನಿಂತಿರುತ್ತಾರೆ. ಆ ಬಿಗುವೇ ಇಂದಿನ ನೋಡುಗರಿಗೆ ಅವರ ಪ್ರಾಮಾಣಿಕತೆಯ ಗುರುತಾಗಿ ಕಾಣುವುದು ಸೋಜಿಗ. ಆದರೆ ಸಮಸ್ಯೆಯನ್ನು ಹೇಳುವ ಅವಕಾಶ ಅವರಿಗೆ ದೊರೆತರೂ ಪರಿಹಾರವನ್ನು ಹೇಳುವ ಅಧಿಕಾರ ನಿರೂಪಕರದ್ದೂ ತಜ್ಞರದ್ದೂ ಆಗಿತ್ತು, ಮತ್ತು ಚಿತ್ರಕ್ಕೆ ಹಣ ಹೂಡಿದ್ದ ಅಡುಗೆ ಅನಿಲ ಉದ್ಯಮಕ್ಕೆ ಹೊಸ ವಸತಿ ಸಮುಚ್ಚಯಗಳಲ್ಲಿ ತನ್ನದೇ ಆಸಕ್ತಿಯಿತ್ತು. ಇಲ್ಲಿ ಸಾಮಾನ್ಯ ಮನುಷ್ಯ ಸಾಕ್ಷಿಯಾಗಿ ಬರುತ್ತಾನೆ. ಅವನ ಸ್ವಭಾವ, ಸಂಸಾರ, ಸಿಟ್ಟುಸೆಡವುಗಳಿಗೂ ಚಿತ್ರಕ್ಕೂ ಸಂಬಂಧವಿಲ್ಲ.

ಸಾಕ್ಷಿಯು ಪಾತ್ರವಾಗಿ ಬದಲಾಗಲು ತಂತ್ರಜ್ಞಾನದಲ್ಲೂ ವಾಹಿನಿಗಳ ಮನೋಧರ್ಮದಲ್ಲೂ ಬದಲಾವಣೆ ಬೇಕಿತ್ತು. 1955ರಲ್ಲಿ ವಾಣಿಜ್ಯ ವಾಹಿನಿ ಐಟಿವಿ ಆರಂಭವಾಗುವವರೆಗೆ ಬ್ರಿಟಿಷ್ ಟೆಲಿವಿಷನ್ ಎಂದರೆ ಬಿಬಿಸಿ ಮಾತ್ರ. ಅಲ್ಲಿನ ತಿದ್ದಿದ ಉಚ್ಚಾರಣೆಯ ಲೋಕದಲ್ಲಿ ಕಾರ್ಖಾನೆಯ ಕೆಲಸಗಾರನೋ ಬಸ್ ಚಾಲಕನೋ ತನ್ನ ಊರಿನ ಉಚ್ಚಾರದಲ್ಲಿ ಬಹಳ ಹೊತ್ತು ಮಾತನಾಡುವ ಸಂದರ್ಭ ಅಪರೂಪವಾಗಿತ್ತು. ಮ್ಯಾಂಚೆಸ್ಟರಿನ ಗ್ರನಾಡಾ ಕಂಪನಿ 1960ರಲ್ಲಿ ಆರಂಭಿಸಿದ 'ಕೊರೊನೇಷನ್ ಸ್ಟ್ರೀಟ್' ಧಾರಾವಾಹಿ ಶ್ರಮಿಕರ ಬೀದಿಯೊಂದನ್ನು ಮನೆಮಾತಾಗಿಸಿತು, ಆದರೆ ಅದು ನಟರ ಬೀದಿ. ಅದೇ ವರ್ಷಗಳಲ್ಲಿ ಹೆಗಲ ಮೇಲೆ ಹೊರಬಹುದಾದ 16 ಮಿಲಿಮೀಟರ್ ಕ್ಯಾಮೆರಾಗಳೂ, ಚಿತ್ರದೊಂದಿಗೆ ಧ್ವನಿಯನ್ನು ತಾಳ ತಪ್ಪದೆ ಹಿಡಿಯಬಲ್ಲ ನಾಗ್ರಾದಂಥ ಹಗುರ ಧ್ವನಿಮುದ್ರಕಗಳೂ ಬಂದು, ಅಟ್ಟಣೆ ದೀಪಗಳ ಹಂಗಿಲ್ಲದೆ ಇಬ್ಬರು ಮೂವರು ಮನೆಯೊಂದರ ಅಡುಗೆಕೋಣೆಗೆ ಹೊಕ್ಕು ಅಲ್ಲೇ ಗಂಟೆಗಟ್ಟಲೆ ನಿಲ್ಲುವುದು ಸಾಧ್ಯವಾಯಿತು. ಚಿತ್ರ ತೆಗೆಯುವವರು ಏನನ್ನೂ ಕೇಳದೆ, ಏನನ್ನೂ ಸೂಚಿಸದೆ, ನಡೆಯುವುದನ್ನು ನೋಡುತ್ತ ಮೂಲೆಯಲ್ಲಿರುವ ಈ ಕ್ರಮವನ್ನು ಇಂಗ್ಲಿಷರು ಗೋಡೆಗೆ ಕುಳಿತ ನೊಣಕ್ಕೆ ಹೋಲಿಸಿ ಹೆಸರಿಟ್ಟರು. ಗೋಡೆಯ ನೊಣಕ್ಕೆ ಸಂಕಲನದ ಕೋಣೆ ಇರುವುದಿಲ್ಲವೆಂಬುದನ್ನು ಆ ಹೆಸರು ಮರೆಸುತ್ತದೆ.

ಗ್ರನಾಡಾದ 'ವರ್ಲ್ಡ್ ಇನ್ ಆಕ್ಷನ್' ಸರಣಿಯ ಭಾಗವಾಗಿ 1964ರ ಮೇ ತಿಂಗಳಲ್ಲಿ ಪ್ರಸಾರವಾದ 'ಸೆವೆನ್ ಅಪ್' ಈ ದಾರಿಯ ಮೊದಲ ದೊಡ್ಡ ಹೆಜ್ಜೆ. ಕೆನಡಾದ ಪಾಲ್ ಆಲ್ಮಂಡ್ ನಿರ್ದೇಶಿಸಿದ, ಮೈಕೆಲ್ ಆಪ್ಟೆಡ್ ಸಂಶೋಧಕರಾಗಿ ದುಡಿದ ಈ ಚಿತ್ರವು ಏಳು ವರ್ಷದ 14 ಮಕ್ಕಳನ್ನು ಸಿರಿವಂತರ ಖಾಸಗಿ ಶಾಲೆಗಳಿಂದಲೂ ಪೂರ್ವ ಲಂಡನ್ನಿನ ಬೀದಿಗಳಿಂದಲೂ ಅನಾಥಾಲಯದಿಂದಲೂ ಆರಿಸಿ, ಅವರ ಆಟಪಾಠ, ಆಸೆ, ಅಭಿಪ್ರಾಯಗಳನ್ನು ಅಕ್ಕಪಕ್ಕ ಜೋಡಿಸಿ, ಹುಟ್ಟಿದ ವರ್ಗವೇ ಮಗುವಿನ ಮುಂದಿನ ಬಾಳನ್ನು ಬರೆದಿಡುತ್ತದೆಂಬ ವಾದವನ್ನು ಮಂಡಿಸಿತು. ಒಂದೇ ಕಂತಿಗೆಂದು ಹೊರಟ ಈ ಯೋಜನೆಯನ್ನು ಆಪ್ಟೆಡ್ ಪ್ರತಿ ಏಳು ವರ್ಷಕ್ಕೊಮ್ಮೆ ಮುಂದುವರಿಸಿದ್ದರಿಂದ, 2019ರ '63 ಅಪ್' ತನಕ ಅದು ಬೆಳೆಯಿತು. ಮಕ್ಕಳನ್ನು ಆರಿಸುವಾಗಲೇ ವಾದವೂ ಆರಿಸಲ್ಪಟ್ಟಿತ್ತೆಂಬುದು ಹದಿನಾಲ್ವರಲ್ಲಿ ಹುಡುಗಿಯರು ನಾಲ್ವರೇ ಎಂಬುದರಿಂದ ತಿಳಿಯುತ್ತದೆ. ಆಪ್ಟೆಡ್ ಇದನ್ನು ಮುಂದೆ ಒಪ್ಪಿಕೊಂಡರು. ಇನ್ನೊಂದು ಪ್ರಸಂಗ ಇದಕ್ಕಿಂತ ಹೆಚ್ಚು ಹೇಳುತ್ತದೆ. ಕುದುರೆ ಜಾಕಿಯಾಗಬೇಕೆಂದಿದ್ದ ಪೂರ್ವ ಲಂಡನ್ನಿನ ಹುಡುಗನೊಬ್ಬ ಮುಂದೆ ಅಪರಾಧದ ಹಾದಿ ಹಿಡಿಯುವನೆಂದು ಅವನ ಇಪ್ಪತ್ತೊಂದರಲ್ಲಿ ಊಹಿಸಿದ ನಿರ್ದೇಶಕರು, ಮುಂದಿನ ಕಂತಿಗೆ ಒದಗಲೆಂದು ಅವನನ್ನು ಕುಖ್ಯಾತ ತಾಣಗಳಲ್ಲಿ ಸುತ್ತಾಡಿಸಿ ಚಿತ್ರೀಕರಿಸಿಟ್ಟರು. ಆತ ಟ್ಯಾಕ್ಸಿ ಚಾಲಕನಾಗಿ, ಸಂಸಾರಸ್ಥನಾಗಿ ನೆಲೆನಿಂತು ಆ ಊಹೆಯನ್ನು ಹುಸಿಮಾಡಿದ.

ತಾವು ಏಳರ ವಯಸ್ಸಿನಲ್ಲಿ ಆಡಿದ ಮಾತನ್ನು ದೇಶವೇ ಏಳೇಳು ವರ್ಷಕ್ಕೊಮ್ಮೆ ನೆನಪಿಸುವ ಸ್ಥಿತಿಗೆ ಆ ಮಕ್ಕಳು ಒಪ್ಪಿಗೆ ಕೊಟ್ಟಿರಲಿಲ್ಲ, ಕೊಡುವ ವಯಸ್ಸೂ ಅವರದ್ದಾಗಿರಲಿಲ್ಲ. ಕೆಲವರು ನಡುವೆ ಹಿಂದೆ ಸರಿದರು, ಕೆಲವರು ಮರಳಿದರು. '49 ಅಪ್' ಕಂತಿನಲ್ಲಿ ಈ ಗುಂಪಿನ ಮಹಿಳೆಯೊಬ್ಬರು, ನಿರ್ದೇಶಕರು ದಶಕಗಳಿಂದ ತಮ್ಮನ್ನು ಕೇಳುತ್ತ ಬಂದ ಪ್ರಶ್ನೆಗಳ ಧಾಟಿಯನ್ನೂ ತಮ್ಮನ್ನು ತೋರಿಸಿದ ಬಗೆಯನ್ನೂ ಕ್ಯಾಮೆರಾ ಓಡುತ್ತಿರುವಾಗಲೇ ನೇರವಾಗಿ ಪ್ರಶ್ನಿಸಿದರು. ಆ ಮಾತನ್ನು ಕತ್ತರಿಸದೆ ಉಳಿಸಿಕೊಂಡದ್ದು ಆಪ್ಟೆಡ್ ಅವರ ಘನತೆಗೆ ಸಲ್ಲಬೇಕು. ಆದರೂ ಉಳಿಸಿಕೊಳ್ಳುವ ತೀರ್ಮಾನ ಅವರದ್ದೇ ಆಗಿತ್ತು.

ಒಂದು ಕುಟುಂಬದ ಒಳಬಾಳನ್ನೇ ವಾರವಾರ ತೆರೆದಿಟ್ಟ ಪ್ರಯೋಗ ನಡೆದದ್ದು 1974ರಲ್ಲಿ, ಬಿಬಿಸಿಯ 'ದಿ ಫ್ಯಾಮಿಲಿ' ಎಂಬ 12 ಕಂತುಗಳ ಸರಣಿಯಲ್ಲಿ. ನಿರ್ಮಾಪಕ ಪಾಲ್ ವಾಟ್ಸನ್ ಆರಿಸಿಕೊಂಡದ್ದು ಲಂಡನ್ನಿನ ಪಶ್ಚಿಮಕ್ಕಿರುವ ರೆಡಿಂಗ್ ಪಟ್ಟಣದಲ್ಲಿ, ತರಕಾರಿ ಅಂಗಡಿಯ ಮೇಲಿನ ಇಕ್ಕಟ್ಟಾದ ಮನೆಯಲ್ಲಿ ವಾಸವಾಗಿದ್ದ ವಿಲ್ಕಿನ್ಸ್ ಕುಟುಂಬವನ್ನು. ಮನೆಯ ಯಜಮಾನ ಬಸ್ ಚಾಲಕ. ಅಂಗಡಿಯನ್ನೂ ಮನೆಯನ್ನೂ ಮಾತಿನ ಖಾರವನ್ನೂ ಸಮವಾಗಿ ನಡೆಸುತ್ತಿದ್ದವರು ತಾಯಿ ಮಾರ್ಗರೆಟ್. ಚಿತ್ರತಂಡವು ಸುಮಾರು ಮೂರು ತಿಂಗಳ ಕಾಲ ದಿನದ ಬಹುಭಾಗವನ್ನು ಆ ಮನೆಯಲ್ಲೇ ಕಳೆದು, ಹಣದ ಮುಗ್ಗಟ್ಟು, ಬೇರೆ ಮನೆ ಸಿಗದೆ ತಂದೆತಾಯಿಯ ಮನೆಯಲ್ಲೇ ಉಳಿದ ಎಳೆಯ ದಂಪತಿಯ ಪಾಡು, ಮದುವೆಗೆ ಮುನ್ನವೇ ಒಟ್ಟಿಗಿದ್ದ ಜೋಡಿ, ಹದಿಹರೆಯದ ಮಗಳು ಮತ್ತು ಅವಳ ಮಿಶ್ರ ಜನಾಂಗೀಯ ಗೆಳೆಯ, ಇವೆಲ್ಲವನ್ನೂ ದಾಖಲಿಸಿತು. ಟೆಲಿವಿಷನ್ನಿನಲ್ಲಿ ಸಾಮಾನ್ಯವಾಗಿ ಜಾಗ ಸಿಗದ ಜನರಿಗೆ ಜಾಗ ಕೊಡುವುದು ವಾಟ್ಸನ್ ಅವರ ಉದ್ದೇಶವಾಗಿತ್ತು. ಪತ್ರಿಕೆಗಳಲ್ಲಿ ಬಂದ ಟೀಕೆಯ ದೊಡ್ಡ ಪಾಲು, ಇಂಥವರನ್ನು ಬ್ರಿಟಿಷ್ ಕುಟುಂಬದ ಮಾದರಿಯೆಂದು ತೋರಿಸಬಹುದೇ ಎಂಬ ಆಕ್ಷೇಪವಾಗಿತ್ತೆಂಬುದು, ಆ ಜಾಗ ಅದುವರೆಗೆ ಏಕೆ ಸಿಕ್ಕಿರಲಿಲ್ಲವೆಂಬುದನ್ನೂ ತಿಳಿಸುತ್ತದೆ. ಟೆಲಿವಿಷನ್ನಿನ ನೈತಿಕತೆಯ ಕಾವಲಿಗೆ ನಿಂತಿದ್ದ ಮೇರಿ ವೈಟ್‌ಹೌಸ್ ಕೂಡ ಸರಣಿಯನ್ನು ವಿರೋಧಿಸಿದರು.

ಇದಕ್ಕೆ ಒಂದು ವರ್ಷ ಮೊದಲು, 1973ರಲ್ಲಿ, ಅಮೆರಿಕದ ಸಾರ್ವಜನಿಕ ವಾಹಿನಿಯಲ್ಲಿ ಕ್ಯಾಲಿಫೋರ್ನಿಯಾದ ಸ್ಥಿತಿವಂತ ಕುಟುಂಬವೊಂದನ್ನು ಕುರಿತ 'ಆ್ಯನ್ ಅಮೆರಿಕನ್ ಫ್ಯಾಮಿಲಿ' ಪ್ರಸಾರವಾಗಿತ್ತು, ಮತ್ತು ವಾಟ್ಸನ್ ಅವರ ಸರಣಿಗೆ ಅದು ಪ್ರೇರಣೆಯಾಯಿತು. ಎರಡಕ್ಕೂ ಇರುವ ಅಂತರ ಬಡವ ಬಲ್ಲಿದರದ್ದು ಮಾತ್ರವಾಗಿರಲಿಲ್ಲ. ಅಮೆರಿಕದ ಸರಣಿಯನ್ನು 1971ರಲ್ಲಿ ಚಿತ್ರೀಕರಿಸಿ ಬಹಳ ತಿಂಗಳ ನಂತರ ತೋರಿಸಲಾಗಿತ್ತು. ರೆಡಿಂಗಿನಲ್ಲಿ ಚಿತ್ರೀಕರಣ ಇನ್ನೂ ನಡೆಯುತ್ತಿದ್ದಾಗಲೇ ಪ್ರಸಾರ ಆರಂಭವಾಯಿತು. ಇದರ ಪರಿಣಾಮವನ್ನು ಆಗ ಯಾರೂ ಪೂರ್ತಿ ಎಣಿಸಿರಲಾರರು. ಕುಟುಂಬದವರು ತಮ್ಮನ್ನು ತಾವು ತೆರೆಯ ಮೇಲೆ ನೋಡಿ, ಪತ್ರಿಕೆಗಳಲ್ಲಿ ತಮ್ಮ ಬಗ್ಗೆ ಬಂದದ್ದನ್ನು ಓದಿ, ಬೀದಿಯಲ್ಲಿ ಅಪರಿಚಿತರ ಮಾತನ್ನು ಕೇಳಿ ಮನೆಗೆ ಬಂದು, ಅದೇ ಕ್ಯಾಮೆರಾದ ಮುಂದೆ ಮತ್ತೆ ಕುಳಿತರು. ಪ್ರಸಾರ ತಂದ ಕೋಲಾಹಲವು ಮುಂದಿನ ಕಂತಿನ ವಸ್ತುವಾಯಿತು. ಕೊನೆಯ ಭಾಗದಲ್ಲಿ ಬರುವ ಮಗಳ ಮದುವೆಗೆ ಪತ್ರಕರ್ತರೂ ಕುತೂಹಲಿಗಳೂ ಕಿಕ್ಕಿರಿದು ಸೇರಿ, ಒಂದು ಮನೆಯ ಖಾಸಗಿ ಸಮಾರಂಭವನ್ನು ಊರ ಜಾತ್ರೆಯಾಗಿಸಿದರು.

ಬ್ರಿಟಿಷ್ ರಿಯಾಲಿಟಿ ಟೆಲಿವಿಷನ್ನಿನ ನಿಜವಾದ ಜನ್ಮಸ್ಥಳವನ್ನು ಗುರುತಿಸುವುದಾದರೆ ಈ ಹಂತವನ್ನೇ ಗುರುತಿಸಬೇಕು. ಏಕೆಂದರೆ ತಾನು ಹೊರಗಿನವರಿಗೆ ಹೇಗೆ ಕಾಣುತ್ತೇನೆಂಬ ಅರಿವು ಒಮ್ಮೆ ಮನೆಯೊಳಕ್ಕೆ ಬಂದ ಮೇಲೆ, ತಾನಾಗಿರುವುದು ಎಂಬುದೇ ಒಂದು ಕೆಲಸವಾಗುತ್ತದೆ. ಮಾರ್ಗರೆಟ್ ವಿಲ್ಕಿನ್ಸ್ ಆ ಕೆಲಸವನ್ನು ಹಿಂಜರಿಯದೆ ಮಾಡಿದರು. ತಮ್ಮ ಮಕ್ಕಳಲ್ಲೊಬ್ಬನ ತಂದೆ ತಮ್ಮ ಗಂಡನಲ್ಲವೆಂಬ ಸಂಗತಿಯನ್ನೂ ಅವರು ಮುಚ್ಚಿಡದೆ ಎದುರಿಸಿದ ರೀತಿಯಲ್ಲಿ ನಾಟಕವೂ ಇರಲಿಲ್ಲ, ಕ್ಷಮೆ ಕೇಳುವ ಧ್ವನಿಯೂ ಇರಲಿಲ್ಲ. ಅವರನ್ನು ಹಾಸ್ಯಗಾರರು ಅಣಕಿಸಿದರು, ಪತ್ರಿಕೆಗಳು ಅಳೆದು ತೂಗಿದವು. ಇಂದು ಆ ಕಂತುಗಳನ್ನು ನೋಡುವವರಿಗೆ ಅವರೇ ಅಲ್ಲಿನ ಎಲ್ಲರಿಗಿಂತ ಸ್ಪಷ್ಟವಾಗಿ ಯೋಚಿಸುವ ವ್ಯಕ್ತಿಯಾಗಿ ಕಾಣುತ್ತಾರೆ. ಅದೇ ವಾಟ್ಸನ್ 1990ರ ದಶಕದ ಆರಂಭದಲ್ಲಿ ಸಿಡ್ನಿಯ ಹೊಸ ಸಿರಿವಂತ ಕುಟುಂಬವೊಂದನ್ನು ಕುರಿತು 'ಸಿಲ್ವೇನಿಯಾ ವಾಟರ್ಸ್' ಮಾಡಿದಾಗ, ಸಂಕಲನದ ಕತ್ತರಿಯಲ್ಲಿ ವ್ಯಂಗ್ಯ ಹೆಚ್ಚಿತ್ತು, ಮಮತೆ ಕಡಿಮೆಯಿತ್ತು.

ಗೃಹಕೃತ್ಯದ ಆಚೆಗೆ, ಸಂಸ್ಥೆಗಳ ಒಳಗೆ ಕ್ಯಾಮೆರಾ ಒಯ್ದವರಲ್ಲಿ ರೋಜರ್ ಗ್ರೇಫ್ ಪ್ರಮುಖರು. ದೀಪ ಹಾಕಬಾರದು, ಸಂದರ್ಶನ ಮಾಡಬಾರದು, ಏನನ್ನೂ ಮರುನಟನೆ ಮಾಡಿಸಬಾರದು ಎಂಬ ಕಟ್ಟುನಿಟ್ಟಿನಲ್ಲಿ ಅವರು ಥೇಮ್ಸ್ ವ್ಯಾಲಿ ಪೊಲೀಸರನ್ನು ಕುರಿತು ಮಾಡಿದ ಬಿಬಿಸಿ ಸರಣಿಯ ಒಂದು ಕಂತು, 1982ರ ಜನವರಿಯಲ್ಲಿ ಪ್ರಸಾರವಾದ 'ಎ ಕಂಪ್ಲೇಂಟ್ ಆಫ್ ರೇಪ್', ಅತ್ಯಾಚಾರದ ದೂರು ಕೊಡಲು ಬಂದ ಮಹಿಳೆಯನ್ನು ಅಧಿಕಾರಿಗಳು ಅಪನಂಬಿಕೆಯಿಂದ, ಬೆದರಿಕೆಯ ಧಾಟಿಯಲ್ಲಿ ವಿಚಾರಿಸುವುದನ್ನು ತೋರಿಸಿ ದೇಶವನ್ನು ಬೆಚ್ಚಿಬೀಳಿಸಿತು; ಇಂಥ ದೂರುಗಳನ್ನು ನಿರ್ವಹಿಸುವ ಪೊಲೀಸ್ ಕ್ರಮಗಳು ಆ ಬಳಿಕ ಬದಲಾದವು. ಆ ಪೊಲೀಸರು ಕ್ಯಾಮೆರಾವನ್ನು ಮರೆತಿದ್ದರೆಂದು ಹೇಳುವುದು ವಾಡಿಕೆ. ತಾವು ಮಾಡುತ್ತಿರುವುದರಲ್ಲಿ ಮರೆಮಾಚಬೇಕಾದ್ದೇನಾದರೂ ಇದೆಯೆಂದು ಅವರಿಗೆ ಅನಿಸಿಯೇ ಇರಲಿಲ್ಲವೆಂಬ ವಿವರಣೆ ಹೆಚ್ಚು ಸರಿ, ಹೆಚ್ಚು ಭಯಾನಕವೂ ಹೌದು.

ಇವಕ್ಕೆಲ್ಲ ಸಮಾನಾಂತರವಾಗಿ ಬಿಬಿಸಿಯ ಒಳಗೇ ಇನ್ನೊಂದು ಹಾದಿ ಸಾಗುತ್ತಿತ್ತು, ಮತ್ತು ಈ ಇತಿಹಾಸದಲ್ಲಿ ಅದಕ್ಕೆ ಸಿಗಬೇಕಾದಷ್ಟು ಗಮನ ಸಿಕ್ಕಿಲ್ಲ. 1970ರ ದಶಕದ ಆರಂಭದಲ್ಲಿ ಸ್ಥಾಪನೆಯಾದ ಸಮುದಾಯ ಕಾರ್ಯಕ್ರಮ ಘಟಕವು, ಪ್ರಸಾರದ ಸಮಯವನ್ನೂ ಸಲಕರಣೆಯನ್ನೂ ಸಾರ್ವಜನಿಕರ ಗುಂಪುಗಳಿಗೆ ಕೊಟ್ಟು ಅವರ ಕಾರ್ಯಕ್ರಮವನ್ನು ಅವರೇ ರೂಪಿಸಲು ಬಿಡುವ 'ಓಪನ್ ಡೋರ್' ಸರಣಿಯಿಂದ ಆರಂಭಿಸಿ, 1990ರಲ್ಲಿ 'ವಿಡಿಯೊ ಡೈರೀಸ್' ತನಕ ಬಂದಿತು. ಅಂಗೈಯಗಲದ ಕ್ಯಾಮೆರಾಗಳು ಅಗ್ಗವಾದದ್ದೇ ಇದಕ್ಕೆ ಒದಗಿಬಂತು. ಇದೇ ಘಟಕದ ಕ್ರಿಸ್ ಮೋರ್ ಮತ್ತು ಮ್ಯಾಂಡಿ ರೋಸ್ ನಡೆಸಿದ 'ವಿಡಿಯೊ ನೇಷನ್' ಯೋಜನೆಯಲ್ಲಿ ದೇಶದ ನಾನಾ ಭಾಗಗಳ ಸುಮಾರು 50 ಮಂದಿಗೆ ಒಂದು ವರ್ಷದ ಮಟ್ಟಿಗೆ ಕ್ಯಾಮೆರಾ ಕೊಟ್ಟು, ತೋಚಿದಾಗ ತೋಚಿದ್ದನ್ನು ಮುದ್ರಿಸಿ ಕಳುಹಿಸಲು ಹೇಳಲಾಯಿತು. ಇದರ ಪ್ರೇರಣೆ ಹಳೆಯದು: 1937ರಲ್ಲಿ ಟಾಮ್ ಹ್ಯಾರಿಸನ್, ಚಾರ್ಲ್ಸ್ ಮ್ಯಾಡ್ಜ್, ಹಂಫ್ರಿ ಜೆನಿಂಗ್ಸ್ ಕೂಡಿ ಆರಂಭಿಸಿದ ಮಾಸ್ ಅಬ್ಸರ್ವೇಷನ್ ಎಂಬ ಯೋಜನೆಯು ಸಾಮಾನ್ಯ ಬ್ರಿಟಿಷರಿಂದ ದಿನಚರಿ ಬರೆಸಿಕೊಂಡು, ಅವರ ನಿತ್ಯದ ಬದುಕನ್ನು ಅಧ್ಯಯನದ ವಸ್ತುವಾಗಿಸಿತ್ತು.

'ವಿಡಿಯೊ ನೇಷನ್'ನಲ್ಲಿ ಉಳಿದೆಲ್ಲ ಕಾರ್ಯಕ್ರಮಗಳಿಗಿಲ್ಲದ ಒಂದು ಷರತ್ತಿತ್ತು. ಮುದ್ರಿಸಿದವರು ಸಂಕಲನವಾದ ತುಣುಕನ್ನು ನೋಡಿ ಒಪ್ಪದೆ ಅದು ಪ್ರಸಾರವಾಗುವಂತಿರಲಿಲ್ಲ, ಅಂದರೆ ನಿರಾಕರಣೆಯ ಹಕ್ಕು ತೆರೆಯ ಮೇಲೆ ಬರುವವರದ್ದೇ ಆಗಿತ್ತು. 1994ರಿಂದ ಬಿಬಿಸಿ ಎರಡನೇ ವಾಹಿನಿಯಲ್ಲಿ, ರಾತ್ರಿಯ ವಾರ್ತಾ ವಿಶ್ಲೇಷಣೆಯ ಕಾರ್ಯಕ್ರಮಕ್ಕೆ ಮುನ್ನ, ಬಂದುಹೋಗುತ್ತಿದ್ದ ಎರಡು ನಿಮಿಷದ ಆ ತುಣುಕುಗಳಲ್ಲಿ ಜಗಳ ವಿರಳ, ಕಣ್ಣೀರು ವಿರಳ. ಮುಪ್ಪಾದ ತನ್ನ ಮುಖವನ್ನು ಕನ್ನಡಿಯಲ್ಲಿ ನೋಡುತ್ತ ವಯಸ್ಸಿನ ಬಗ್ಗೆ ಮಾತನಾಡುವ ವೃದ್ಧನೊಬ್ಬನ ತುಣುಕು ಅವುಗಳಲ್ಲಿ ಹೆಚ್ಚು ಹೆಸರಾದದ್ದು. ಕತ್ತರಿಯ ಮೇಲೆ ಹಿಡಿತವಿದ್ದಾಗ ಜನರು ತಮ್ಮನ್ನು ಸುಂದರಗೊಳಿಸಿಯೇ ತೋರಿಸುತ್ತಾರೆಂಬ ಆತಂಕ ವಾಹಿನಿಗಳಿಗೆ ಸದಾ ಇದ್ದದ್ದೇ. ಇಲ್ಲಿ ಆದದ್ದು ಬೇರೆ. ಪೂರ್ವಗ್ರಹ, ಒಂಟಿತನ, ಬೇಸರಗಳನ್ನೂ ಜನ ಬಿಟ್ಟುಕೊಟ್ಟರು, ಆದರೆ ತಮಗೆ ಬೇಕಾದ ಪ್ರಮಾಣದಲ್ಲಿ, ತಮಗೆ ಬೇಕಾದ ಹೊತ್ತಿನಲ್ಲಿ.

ಅಂಥ ತುಣುಕುಗಳು ದೊಡ್ಡ ವೀಕ್ಷಕವರ್ಗವನ್ನು ತರಲಾರವಾಗಿದ್ದವು, ಮತ್ತು 1990ರ ದಶಕದಲ್ಲಿ ಬಿಬಿಸಿಗೂ ಐಟಿವಿಗೂ ಬೇಕಾಗಿದ್ದದ್ದು ಅದೇ. ನಟರು, ಲೇಖಕರು, ಅರಮನೆಯಂಥ ಸೆಟ್ಟುಗಳು ಬೇಕಾಗುವ ನಾಟಕ ಧಾರಾವಾಹಿಗಿಂತ ತೀರ ಕಡಿಮೆ ಖರ್ಚಿನಲ್ಲಿ, ಧಾರಾವಾಹಿಯದೇ ಸೆಳೆತವನ್ನು ನಿಜ ಮನುಷ್ಯರಿಂದ ಪಡೆಯುವ ಡಾಕ್ಯುಸೋಪ್ ಎಂಬ ಮಿಶ್ರತಳಿ ಹುಟ್ಟಿದ್ದು ಈ ಒತ್ತಡದಲ್ಲಿ. ಸಾಕ್ಷ್ಯಚಿತ್ರದ ಕ್ಯಾಮೆರಾ, ಧಾರಾವಾಹಿಯ ಕಥೆ ಹೆಣೆಯುವ ಕ್ರಮ, ಒಬ್ಬರ ಕಥೆಯನ್ನು ಕುತೂಹಲದ ಘಟ್ಟದಲ್ಲಿ ಬಿಟ್ಟು ಇನ್ನೊಬ್ಬರತ್ತ ಹೊರಳುವ ಜಾಣ್ಮೆ, ಮೇಲೊಂದು ತಮಾಷೆಯ ನಿರೂಪಣೆ: ಇಷ್ಟರಿಂದ ವಿಮಾನ ನಿಲ್ದಾಣ, ಹೋಟೆಲು, ಪಶುವೈದ್ಯ ಶಾಲೆ, ಪ್ರವಾಸಿ ಹಡಗು ಎಲ್ಲವೂ ಸರಣಿಗಳಾದವು. 1997ರ 'ಡ್ರೈವಿಂಗ್ ಸ್ಕೂಲ್' ಒಂದು ಕೋಟಿಗೂ ಮೀರಿ ನೋಡುಗರನ್ನು ಗಳಿಸಿ, ಚಾಲನಾ ಪರೀಕ್ಷೆಯಲ್ಲಿ ಮತ್ತೆ ಮತ್ತೆ ನಪಾಸಾಗುತ್ತಿದ್ದ ಕಾರ್ಡಿಫಿನ ಮೌರೀನ್ ರೀಸ್ ಅವರನ್ನು ದೇಶದ ಅಚ್ಚುಮೆಚ್ಚಿನವರನ್ನಾಗಿಸಿತು. ಪರೀಕ್ಷೆಯ ಚಿಂತೆಯಲ್ಲಿ ಅವರು ನಸುಕಿನಲ್ಲೇ ಎದ್ದು ಪಾಠ ಓದುವ ದೃಶ್ಯವು ಮರುನಟನೆಯೆಂದು ತಿಳಿದಾಗ ಪತ್ರಿಕೆಗಳಲ್ಲಿ ಗದ್ದಲವೆದ್ದಿತು. ಅವರು ಹಾಗೆ ಏಳುತ್ತಿದ್ದುದು ನಿಜವೇ ಆಗಿತ್ತೆಂದು ನಿರ್ಮಾಪಕರು ಸಮರ್ಥಿಸಿಕೊಂಡರು. ಕ್ಯಾಮೆರಾದವರ ಅನುಕೂಲಕ್ಕಾಗಿ ತನ್ನ ನಿದ್ರಾಹೀನತೆಯನ್ನು ತಾನೇ ನಟಿಸಬೇಕಾದ ಮಹಿಳೆಯ ಸ್ಥಿತಿಯಲ್ಲಿ ಹಳೆಯ ಸಾಕ್ಷಿಯೂ ಹೊಸ ಪಾತ್ರವೂ ಒಂದೇ ಮೈಯಲ್ಲಿ ಸೇರಿದ್ದವು.

ಡಾಕ್ಯುಸೋಪುಗಳು ಇನ್ನೊಂದನ್ನೂ ಕಲಿಸಿದವು. 'ಏರ್‌ಪೋರ್ಟ್' ಸರಣಿಯಲ್ಲಿ ಹೀಥ್ರೂ ನಿಲ್ದಾಣದ ರಷ್ಯನ್ ವಿಮಾನ ಸಂಸ್ಥೆಯೊಂದರ ನೌಕರನಾಗಿ ಕಾಣಿಸಿಕೊಂಡ ಜೆರೆಮಿ ಸ್ಪೇಕ್ ಟೆಲಿವಿಷನ್ ನಿರೂಪಕರಾದರು. 1998ರ 'ದಿ ಕ್ರೂಸ್' ಸರಣಿಯಲ್ಲಿ ಹಡಗಿನ ಹಾಡುಗಾರ್ತಿಯಾಗಿದ್ದ ಜೇನ್ ಮೆಕ್‌ಡೊನಾಲ್ಡ್ ಅವರ ಧ್ವನಿಮುದ್ರಿಕೆ ಅದೇ ವರ್ಷ ಬ್ರಿಟನ್ನಿನ ಮಾರಾಟ ಪಟ್ಟಿಯ ಮೊದಲ ಸ್ಥಾನಕ್ಕೇರಿತು. ತಾನಾಗಿಯೇ ಕಾಣಿಸಿಕೊಳ್ಳುವುದು ವೃತ್ತಿಯೊಂದಕ್ಕೆ ಬಾಗಿಲಾಗಬಹುದೆಂಬ ಅರಿವು ಹರಡಿದ ಮೇಲೆ, ಕ್ಯಾಮೆರಾದ ಮುಂದೆ ಬರುವವರ ಮನಸ್ಸು ಮೊದಲಿನಂತಿರಲು ಸಾಧ್ಯವಿರಲಿಲ್ಲ.

ಶತಮಾನದ ತಿರುವಿನಲ್ಲಿ ಸನ್ನಿವೇಶಗಳನ್ನೇ ಕಟ್ಟಿಕೊಡುವ ಸರಣಿಗಳು ಬಂದವು. ಇದಕ್ಕೂ ಪೂರ್ವಜ ಇತ್ತು: 1978ರಲ್ಲಿ ಬಿಬಿಸಿ ತೋರಿಸಿದ 'ಲಿವಿಂಗ್ ಇನ್ ದಿ ಪಾಸ್ಟ್' ಸರಣಿಗಾಗಿ ಕೆಲವು ದಂಪತಿಗಳು ಮಕ್ಕಳೊಂದಿಗೆ ಸುಮಾರು ಒಂದು ವರ್ಷ ಕಬ್ಬಿಣಯುಗದ ಹಳ್ಳಿಯೊಂದನ್ನು ಕಟ್ಟಿ ಬಾಳಿದ್ದರು. 1999ರಲ್ಲಿ ಚಾನೆಲ್ ಫೋರ್ ವಾಹಿನಿಯ 'ದಿ 1900 ಹೌಸ್' ಒಂದು ಕುಟುಂಬವನ್ನು ಮೂರು ತಿಂಗಳ ಮಟ್ಟಿಗೆ ವಿಕ್ಟೋರಿಯನ್ ಕಾಲದ ಅಡುಗೆಒಲೆ, ಅನಿಲದೀಪ, ಬಿಗಿಕುಪ್ಪಸಗಳ ಮನೆಗೆ ಕಳುಹಿಸಿತು; ಬಿಬಿಸಿಯ 'ಕಾಸ್ಟ್‌ಅವೇ 2000' ಮೂವತ್ತಾರು ಮಂದಿಯನ್ನು ಸ್ಕಾಟ್ಲೆಂಡಿನ ಟಾರನ್ಸೇ ದ್ವೀಪಕ್ಕೆ ಒಂದು ವರ್ಷ ಬಿಟ್ಟಿತು. 2000ದ ಬೇಸಿಗೆಯಲ್ಲಿ ಬಿಗ್ ಬ್ರದರ್ ಬಂದು ದ್ವೀಪವಾಸಿಗಳನ್ನು ಮರೆಸಿಬಿಟ್ಟಿತು.

ಡಚ್ ನಿರ್ಮಾಪಕ ಜಾನ್ ಡಿ ಮೋಲ್ ಅವರ ಕಂಪನಿ 1999ರಲ್ಲಿ ನೆದರ್ಲೆಂಡ್ಸ್‌ನಲ್ಲಿ ಆರಂಭಿಸಿದ ಈ ಮಾದರಿಯನ್ನು ಬ್ರಿಟನ್ನಿಗೆ ತಂದವರು ಪೀಟರ್ ಬ್ಯಾಜಲ್ಜೆಟ್. ಪೂರ್ವ ಲಂಡನ್ನಿನ ಬೋ ಪ್ರದೇಶದಲ್ಲಿ ಕಟ್ಟಿದ ಮನೆಯೊಳಗೆ ಹತ್ತು ಮಂದಿಯನ್ನು ಹೊರಜಗತ್ತಿನ ಸುದ್ದಿಯಿಲ್ಲದೆ, ಪತ್ರಿಕೆ ಟಿವಿಗಳಿಲ್ಲದೆ ಇರಿಸಿ, ಕನ್ನಡಿಗಳ ಹಿಂದಿನಿಂದ ಕ್ಯಾಮೆರಾಗಳು ಹಗಲಿರುಳು ನೋಡುವಂತೆ ಮಾಡಿ, ಹೊರಹಾಕಬೇಕಾದವರನ್ನು ಮನೆಯವರೇ ಗುಟ್ಟಾಗಿ ಸೂಚಿಸುವ, ಅಂತಿಮ ತೀರ್ಪನ್ನು ವೀಕ್ಷಕರು ದೂರವಾಣಿಯ ಮತದಿಂದ ಕೊಡುವ ವ್ಯವಸ್ಥೆ ಅಲ್ಲಿತ್ತು. ಸೆಪ್ಟೆಂಬರ್ 15ರಂದು, 64ನೇ ದಿನ, ಕೊನೆಗೆ ಉಳಿದ ಒಬ್ಬರಿಗೆ 70,000 ಪೌಂಡ್ ಬಹುಮಾನ. 'ದಿ ಫ್ಯಾಮಿಲಿ'ಯಲ್ಲಿ ಆಕಸ್ಮಿಕವಾಗಿ ಸಂಭವಿಸಿದ್ದನ್ನು ಈ ಮಾದರಿ ಜಾಣತನದಿಂದ ತಿರುಗಿಸಿತ್ತು: ವಿಲ್ಕಿನ್ಸ್ ಕುಟುಂಬಕ್ಕೆ ತಮ್ಮ ಬಿಂಬ ಹೊರಗೆ ಹೇಗಿದೆಯೆಂದು ಪ್ರತಿ ವಾರ ತಿಳಿಯುತ್ತಿತ್ತು, ಬೋ ಮನೆಯವರಿಗೆ ತಿಳಿಯಲೇಬಾರದಾಗಿತ್ತು, ಆದರೆ ಆ ತಿಳಿಯದ ಬಿಂಬವೇ ಅವರ ಉಳಿವು ಅಳಿವನ್ನು ನಿರ್ಧರಿಸುತ್ತಿತ್ತು. ಡೈರಿ ರೂಮ್ ಎಂಬ ಕೋಣೆಯಲ್ಲಿ ಒಬ್ಬೊಬ್ಬರೇ ಕುಳಿತು ಅದೃಶ್ಯ ಧ್ವನಿಯೊಂದರೊಂದಿಗೆ ಮಾತನಾಡುವ ಏರ್ಪಾಟು 'ವಿಡಿಯೊ ಡೈರೀಸ್'ನ ಏಕಾಂತವನ್ನು ನೆನಪಿಸುತ್ತದಾದರೂ, ಅಲ್ಲಿ ದಿನಚರಿ ಬರೆದವನದಾಗಿತ್ತು; ಇಲ್ಲಿ ಅದು ಕಂಪನಿಯದು.

ಮೊದಲ ಸರಣಿಯಲ್ಲಿ ದೇಶವೇ ಮಾತಾಡಿದ ಘಟನೆ ನಿಕ್ ಬೇಟ್‌ಮನ್ ಅವರದ್ದು. ಮನೆಯೊಳಗೆ ಬರೆಯುವ ಸಾಧನಗಳಿಗೆ ನಿಷೇಧವಿದ್ದರೂ, ಯಾರನ್ನು ಹೊರಹಾಕಲು ಸೂಚಿಸಬೇಕೆಂದು ಚೀಟಿಗಳಲ್ಲಿ ಹೆಸರು ಬರೆದು ಸಹವಾಸಿಗಳ ಮನವೊಲಿಸಲು ಯತ್ನಿಸಿದ ಅವರ ಗುಟ್ಟು ವೀಕ್ಷಕರಿಗೆಲ್ಲ ಗೊತ್ತಿತ್ತು, ಮನೆಯವರಿಗೆ ಮಾತ್ರ ಗೊತ್ತಿರಲಿಲ್ಲ. ಆಗಸ್ಟಿನಲ್ಲಿ ಅದು ಬಯಲಾದಾಗ ಲಿವರ್‌ಪೂಲಿನ ಕಟ್ಟಡ ಕೆಲಸಗಾರ ಕ್ರೇಗ್ ಫಿಲಿಪ್ಸ್ ಮೇಜಿನ ಸುತ್ತ ಎಲ್ಲರನ್ನೂ ಕೂರಿಸಿ, ದನಿಯೇರಿಸದೆ ಪ್ರಶ್ನಿಸಿದ್ದನ್ನು ಜನ ಅಂತರ್ಜಾಲದ ನೇರಪ್ರಸಾರದಲ್ಲೂ ನೋಡಿದರು. ಪತ್ರಿಕೆಗಳು 'ನಾಸ್ಟಿ ನಿಕ್' ಎಂಬ ಅಡ್ಡಹೆಸರಿಟ್ಟು ಖಳನಾಯಕನೊಬ್ಬನನ್ನು ಕಡೆದು ನಿಲ್ಲಿಸಿದವು. ಗೆಲ್ಲುವ ಆಟದಲ್ಲಿ ಗೆಲ್ಲಲು ಯೋಚಿಸಿದವನು ಖಳನಾಗಿ, ಆಟವನ್ನೇ ಆಡದಂತೆ ತೋರಿದವನು ಗೆದ್ದ ಈ ಫಲಿತಾಂಶವು ಬ್ರಿಟಿಷ್ ವೀಕ್ಷಕರು ಬಹುಮಾನ ಕೊಡುತ್ತಿದ್ದದ್ದು ಯಾವುದಕ್ಕೆಂದು ಸ್ಪಷ್ಟಪಡಿಸಿತು: ಕ್ಯಾಮೆರಾದ ಅರಿವಿಲ್ಲದಂತಿರುವ ಸಾಮರ್ಥ್ಯಕ್ಕೆ. ಫಿಲಿಪ್ಸ್ ತಮ್ಮ ಬಹುಮಾನವನ್ನು ಅಂಗಾಂಗ ಕಸಿಯ ಅಗತ್ಯವಿದ್ದ ಗೆಳತಿಯೊಬ್ಬಳ ಚಿಕಿತ್ಸೆಗೆ ಕೊಟ್ಟರು. ಮುಂದಿನ ವರ್ಷಗಳಲ್ಲಿ ಬಂದವರೆಲ್ಲ ಮೊದಲ ಸರಣಿಯನ್ನು ನೋಡಿಯೇ ಬಂದವರಾದ್ದರಿಂದ, ಅರಿವಿಲ್ಲದಂತಿರುವುದೂ ಅಭ್ಯಾಸದಿಂದ ಬರುವ ವಿದ್ಯೆಯಾಯಿತು.

ಆ ವಿದ್ಯೆ ಇಲ್ಲದೆಯೇ 2002ರ ಮೂರನೇ ಸರಣಿಗೆ ಬಂದು ಹೆಸರಾದವರು ದಕ್ಷಿಣ ಲಂಡನ್ನಿನ ಬರ್ಮಂಡ್ಸಿಯ ದಂತವೈದ್ಯಕೀಯ ಸಹಾಯಕಿ ಜೇಡ್ ಗೂಡಿ. ಅವರ ಅಜ್ಞಾನವನ್ನೂ ದೇಹವನ್ನೂ ಪತ್ರಿಕೆಗಳು ನಿರ್ದಯವಾಗಿ ಗೇಲಿ ಮಾಡಿ, ಕೆಲವೇ ವಾರಗಳಲ್ಲಿ ಅವರನ್ನೇ ಮುದ್ದಿಸತೊಡಗಿದವು. 2007ರ ಜನವರಿಯಲ್ಲಿ ಪ್ರಸಿದ್ಧರಿಗೆಂದೇ ನಡೆದ ಬಿಗ್ ಬ್ರದರ್ ಆವೃತ್ತಿಗೆ ಅವರು ಪ್ರಸಿದ್ಧರಾಗಿ ಹೋದರು, ಅವರ ಪ್ರಸಿದ್ಧಿಯ ಏಕೈಕ ಮೂಲ ಅದೇ ಕಾರ್ಯಕ್ರಮವಾಗಿತ್ತು. ಅಲ್ಲಿ ಮಂಗಳೂರು ಮೂಲದ ನಟಿ ಶಿಲ್ಪಾ ಶೆಟ್ಟಿಯವರ ಮೇಲೆ ಅವರೂ ಅವರ ಗೆಳತಿಯರೂ ಆಡಿದ ಮಾತುಗಳು ಜನಾಂಗೀಯ ನಿಂದನೆಯೆಂದು ಪ್ರಸಾರ ನಿಯಂತ್ರಣ ಸಂಸ್ಥೆ ಆಫ್‌ಕಾಮ್‌ಗೆ 40,000ಕ್ಕೂ ಹೆಚ್ಚು ದೂರುಗಳು ಬಂದವು. ಆ ಹೊತ್ತಿಗೆ ಭಾರತ ಪ್ರವಾಸದಲ್ಲಿದ್ದ ಬ್ರಿಟಿಷ್ ಹಣಕಾಸು ಸಚಿವ ಗಾರ್ಡನ್ ಬ್ರೌನ್ ಬೆಂಗಳೂರಿನಲ್ಲಿ ಈ ಬಗ್ಗೆ ಉತ್ತರಿಸಬೇಕಾಗಿ ಬಂದಿತು. ಶೆಟ್ಟಿ ಆ ಸರಣಿಯನ್ನು ಗೆದ್ದರು. ಮರುವರ್ಷ ಗೂಡಿ ಬಿಗ್ ಬ್ರದರ್‌ನ ಹಿಂದಿ ರೂಪವಾದ ಬಿಗ್ ಬಾಸ್ ಮನೆಗೆ ಬಂದರು. ಶೆಟ್ಟಿಯವರೇ ಅದರ ನಿರೂಪಕಿ. ಅಲ್ಲಿದ್ದಾಗಲೇ ತಮಗೆ ಗರ್ಭಕಂಠದ ಕ್ಯಾನ್ಸರ್ ಇರುವುದು ತಿಳಿದು ಅವರು ಹಿಂದಿರುಗಿ, 2009ರ ಮಾರ್ಚಿನಲ್ಲಿ ತೀರಿಕೊಂಡರು. ಆ ಕೊನೆಯ ತಿಂಗಳುಗಳನ್ನೂ ಕ್ಯಾಮೆರಾದ ಮುಂದೆ ಕಳೆದು, ಅದರಿಂದ ಬಂದ ಹಣವನ್ನು ಮಕ್ಕಳಿಗೆಂದು ಕೂಡಿಟ್ಟರು. ಇದನ್ನು ಅಸಹ್ಯವೆಂದವರಿದ್ದಾರೆ. ಆದರೆ ಆ ತಿಂಗಳುಗಳಲ್ಲಿ ಇಂಗ್ಲೆಂಡಿನ ಸಾವಿರಾರು ಯುವತಿಯರು ಗರ್ಭಕಂಠ ತಪಾಸಣೆಗೆ ಹೆಚ್ಚುವರಿಯಾಗಿ ಹೋದದ್ದು ದಾಖಲಾಗಿದೆ. ತಮ್ಮ ಬದುಕಿನ ಮಾರಾಟದ ಷರತ್ತುಗಳನ್ನು ಗೂಡಿ ತಾವೇ ಒಂದಿಷ್ಟು ಹಿಡಿದಿಟ್ಟುಕೊಂಡದ್ದು ಬಹುಶಃ ಆಗ ಮಾತ್ರ. ಬಿಗ್ ಬಾಸ್ 2013ರಲ್ಲಿ ಕನ್ನಡಕ್ಕೂ ಬಂದು ಪ್ರಸಿದ್ಧರಿಂದಲೇ ಆರಂಭವಾಗಿ, 2017ರ ಐದನೇ ಸರಣಿಯಲ್ಲಿ ಸಾಮಾನ್ಯರನ್ನೂ ಮನೆಯೊಳಗೆ ಬಿಟ್ಟುಕೊಂಡಿತು, ಅಂದರೆ ಬ್ರಿಟನ್ನಿನ ಕ್ರಮವನ್ನು ತಲೆಕೆಳಗಾಗಿ ಅನುಸರಿಸಿತು.

ಬ್ರಿಟನ್ನಿನಲ್ಲಿ 2019ರಲ್ಲಿ ಹಗಲು ಹೊತ್ತಿನ ಜಗಳ ಪ್ರದರ್ಶನವೊಂದು, ಅದರಲ್ಲಿ ಭಾಗವಹಿಸಿದ ವ್ಯಕ್ತಿಯೊಬ್ಬರ ಸಾವಿನ ನಂತರ ರದ್ದಾಗಿ, ಸಂಸತ್ತಿನ ಸಮಿತಿಯೊಂದು ರಿಯಾಲಿಟಿ ಕಾರ್ಯಕ್ರಮಗಳ ವಿಚಾರಣೆ ನಡೆಸಿತು. ಆ ಬಳಿಕ ಆಫ್‌ಕಾಮ್ ರೂಪಿಸಿ 2021ರ ಏಪ್ರಿಲಿನಿಂದ ಜಾರಿಗೊಳಿಸಿದ ನಿಯಮಗಳು, ಭಾಗವಹಿಸುವವರ ಯೋಗಕ್ಷೇಮದ ಹೊಣೆಯನ್ನು ಪ್ರಸಾರಕರ ಮೇಲೆ ಹೊರಿಸಿ, ತೆರೆಯ ಮೇಲೆ ಬರುವುದರಿಂದ ಉಂಟಾಗಬಹುದಾದ ಅಪಾಯಗಳನ್ನು ಅವರಿಗೆ ಮೊದಲೇ ತಿಳಿಸಬೇಕೆಂದು ವಿಧಿಸುತ್ತವೆ. ಕಾರ್ಯಕ್ರಮವನ್ನು ಪ್ರಸಾರಕ್ಕೆ ಮುನ್ನ ನೋಡುವ ಅವಕಾಶ ಕೊಡುವುದಾದರೆ, ಅದರಲ್ಲಿ ಬದಲಾವಣೆ ಮಾಡಿಸಲು ಸಾಧ್ಯವೋ ಇಲ್ಲವೋ ಎಂಬುದನ್ನೂ ಸ್ಪಷ್ಟಪಡಿಸಬೇಕೆಂದು ಆ ಸಂಸ್ಥೆಯ ಸಂಹಿತೆ ಹೇಳುತ್ತದೆ. ಬದಲಾವಣೆ ಮಾಡಿಸುವ ಹಕ್ಕನ್ನು ಕೊಡಲೇಬೇಕೆಂದು ಮಾತ್ರ ಹೇಳುವುದಿಲ್ಲ.